ಮಾನ್ಯಖೇಟದ ಕಾಲದ ಗ್ರಂಥಗಳಲ್ಲಿ ಭೋಗಭೂಮಿ

ಕಲಬುರಗಿ ಜಿಲ್ಲೆಯ ಸೇಡಂ ತಾಲೂಕಿನಲ್ಲಿ ಕಾಗಿಣಾ ನದಿಯ ದಡದ ಮೇಲಿರುವ ಮಳಖೇಡವು ಈಗ ಒಂದು ಸಾಧಾರಣ ಗ್ರಾಮ. ಬಿದ್ದುಹೋದ ಕೋಟೆಯ ಗೋಡೆಗಳೂ ಪುರಾತನವಾದ ಒಂದು ಬಸದಿಯೂ ಅಲ್ಲಿ ಉಳಿದುಬಂದಿವೆ. ರಾಷ್ಟ್ರಕೂಟರ ರಾಜಧಾನಿಯಾದ ಮಾನ್ಯಖೇಟವು ಇದೇ ಎಂಬುದು ನಿರ್ವಿವಾದವಾದ ಸಂಗತಿ. ಪೂರ್ವಕ್ಕೆ ಸೇಡಂ, ಅದರಾಚೆ ತೆಲುಗು ಸೀಮೆಗೆ ಸಮೀಪವಾದ ಮುಧೋಳ, ಪಶ್ಚಿಮದ ಕಡೆಗೆ ಚಿತ್ತಾಪುರ, ವಾಡಿ, ಶಹಾಬಾದ, ಉತ್ತರದ ಕಡೆಗೆ ಚಿಂಚೋಳಿ: ಹಾಸುಗಲ್ಲಿಗೂ ಸುಣ್ಣದ ಕಲ್ಲಿಗೂ ಹೆಸರಾದ ಈ ಸೀಮೆಯ ನಡುವೆ ಒಂದು ಸಾಮ್ರಾಜ್ಯದ ಕೇಂದ್ರವು ಸುಮಾರು ಒಂದೂವರೆ ಶತಮಾನದ ಕಾಲ ನೆಲೆಗೊಂಡಿತ್ತು. (ಇಲ್ಲಿ ಹೇಳಿದ ಮುಧೋಳವು ಸೇಡಂ ತಾಲೂಕಿನದು, ಕವಿ ರನ್ನನ ಜನ್ಮಸ್ಥಳವಾದ ಬಾಗಲಕೋಟೆ ಜಿಲ್ಲೆಯ ಮುಧೋಳವಲ್ಲ. ಹೆಸರಿನ ಸಾಮ್ಯದಿಂದ ಭ್ರಮೆ ಹುಟ್ಟಬಾರದು.) ಮೂರನೆಯ ಕೃಷ್ಣನ ಕ್ರಿ. ಶ. ೯೪೦ರ ದೇವಳಿ ತಾಮ್ರಶಾಸನದಲ್ಲಿಯೂ ೯೫೯ರ ಕರ್ಹಾಡ ತಾಮ್ರಶಾಸನದಲ್ಲಿಯೂ ನೃಪತುಂಗನು ಕಟ್ಟಿದ ಈ ನಗರವು ದೇವತೆಗಳ ನಗರವನ್ನೇ ಹೀಯಾಳಿಸುವಂತಿತ್ತೆಂದು ವರ್ಣಿತವಾಗಿದೆ. ಪ್ರಶಸ್ತಿಕಾರರ ಇಂಥ ಮಾತನ್ನು ಅಲಂಕಾರವೆಂದು ಬಿಟ್ಟುಬಿಡುವುದೇ ವಾಡಿಕೆ. ಆದರೆ ಅದೇ ಕಾಲದ ವಿದ್ವಾಂಸರು ದೇವಲೋಕವೆಷ್ಟು ಎತ್ತರ, ಅಲ್ಲಿಯವರ ಆಯುಷ್ಯವೆಷ್ಟು, ಅಲ್ಲಿಗೂ ಇಲ್ಲಿಗೂ ಇರುವ ಕಾಲದ ಅಂತರವೆಷ್ಟು ಎಂಬುದನ್ನು ಅಂಕೆಯಿಟ್ಟು ಗುಣಿಸುತ್ತಿದ್ದರೆಂಬುದನ್ನು ನೆನೆದರೆ, ಆ ಹೋಲಿಕೆಗೆ ಬೇರೊಂದು ತೂಕ ಬರುತ್ತದೆ.

ಜೈನಪುರಾಣಗಳಲ್ಲಿ ಬರುವ ಲೋಕವರ್ಣನೆಗೆ ಇತಿಹಾಸಕಾರರಿಂದ ದೊರೆತ ಉಪಚಾರವು ಅಷ್ಟು ತೃಪ್ತಿಕರವಾದುದಲ್ಲ. ೧೮೩೫ರ ಫೆಬ್ರವರಿಯಲ್ಲಿ ಮೆಕಾಲೆಯು ಬರೆದ ಪ್ರಸಿದ್ಧ ಟಿಪ್ಪಣಿಯಲ್ಲಿ ಈ ದೇಶದ ಗ್ರಂಥಗಳ ಆಳೆತ್ತರ ಮೀರಿದ ರಾಜರನ್ನೂ ಸಾವಿರಾರು ವರ್ಷಗಳ ಆಳಿಕೆಗಳನ್ನೂ ಪಾಕದ ಸಮುದ್ರ ಬೆಣ್ಣೆಯ ಸಮುದ್ರಗಳನ್ನೂ ನಗೆಗೀಡುಮಾಡಿದನು. ಅವನ ತರುವಾಯದವರು ಅಷ್ಟು ಒರಟಾಗಿ ಮಾತನಾಡಲಿಲ್ಲವಾದರೂ, ಪುರಾಣದ ಪೀಠಿಕೆಯಿಂದ ರಾಜರ ಹೆಸರುಗಳನ್ನೂ ಅಂತ್ಯದ ಪ್ರಶಸ್ತಿಯಿಂದ ಶಕವರ್ಷವನ್ನೂ ಆಯ್ದುಕೊಂಡು ನಡುವಣ ಲೋಕಸ್ವರೂಪವನ್ನು ಮುಟ್ಟದೆ ಬಿಟ್ಟರು. ಶ್ರದ್ಧಾವಂತರಾದರೋ ಅದೆಲ್ಲವೂ ಅಕ್ಷರಶಃ ಇರುವ ಭೂಗೋಳವೆಂದು ಓದಿದರು. ಒಂದು ಕಡೆ ನಗೆ, ಇನ್ನೊಂದು ಕಡೆ ನಂಬಿಕೆ. ಆ ಲೋಕವನ್ನು ವರ್ಣಿಸಿದವರು ಅದರಿಂದ ಯಾವ ಕೆಲಸವನ್ನು ತೆಗೆದುಕೊಂಡರು ಎಂಬ ಪ್ರಶ್ನೆ ಎರಡು ಕಡೆಯಲ್ಲಿಯೂ ಏಳಲಿಲ್ಲ. ಪ್ರಕೃತ ವಿಚಾರಣೀಯವಾದದ್ದು ಅದೇ ಪ್ರಶ್ನೆ. ಅದರಲ್ಲಿಯೂ ವಿಶೇಷವಾಗಿ ಭೋಗಭೂಮಿಯೆಂಬ ಭಾಗಕ್ಕೆ ಸಂಬಂಧಪಟ್ಟಂತೆ.

ಭೋಗಭೂಮಿಯ ಕಲ್ಪನೆಯು ಮಾನ್ಯಖೇಟದಲ್ಲಿ ಹುಟ್ಟಿದುದಲ್ಲ. ಉತ್ತರಕುರುವೆಂಬ ಸುಖಸ್ಥಾನವು ಮಹಾಭಾರತಕ್ಕೂ ಬೌದ್ಧಗ್ರಂಥಗಳಿಗೂ ಪರಿಚಿತವಾದುದು; ಆ ಹೆಸರು ಗ್ರೀಕ್ ಭೂಗೋಳಜ್ಞನಾದ ಟಾಲೆಮಿಯವರೆಗೂ ಹೋಗಿ ಮುಟ್ಟಿತ್ತು. ಜೈನರಲ್ಲಿ ತತ್ತ್ವಾರ್ಥಸೂತ್ರವೂ ಯತಿವೃಷಭನ ತಿಲೋಯಪಣ್ಣತ್ತಿಯೂ ಇದನ್ನು ಒಂದು ವ್ಯವಸ್ಥೆಗೆ ತಂದಿದ್ದವು. ರಾಷ್ಟ್ರಕೂಟರ ಕಾಲದಲ್ಲಿ ನಡೆದದ್ದು ಬೇರೆ. ವೀರಸೇನನು ಅದನ್ನು ಗಣಿತದ ಒರೆಗೆ ಹಚ್ಚಿದನು. ಅವನ ಶಿಷ್ಯ ಜಿನಸೇನನು ಅದನ್ನು ಸಂಸ್ಕೃತದಲ್ಲಿ ಕಥೆಯಾಗಿ ವಿಸ್ತರಿಸಿದನು. ಮಹಾವೀರಾಚಾರ್ಯನು ಅದನ್ನು ಲೆಕ್ಕದ ಪುಸ್ತಕದೊಳಕ್ಕೆ ತಂದನು. ಪಂಪನು ೯೪೧ರಲ್ಲಿ ಕನ್ನಡಕ್ಕೂ ಪುಷ್ಪದಂತನು ೯೬೫ರ ವೇಳೆಗೆ ಅಪಭ್ರಂಶಕ್ಕೂ ಅದನ್ನು ಇಳಿಸಿದರು. ಇವರೆಲ್ಲರೂ ಮಾನ್ಯಖೇಟದಲ್ಲಿಯೇ ಕುಳಿತು ಬರೆದರೆಂದು ತಿಳಿಯಬಾರದು. ಪಂಪನ ಆಶ್ರಯದಾತನಾದ ಅರಿಕೇಸರಿಯು ವೇಮುಲವಾಡದ ಸಾಮಂತ. ಜಿನಸೇನನು ಜಯಧವಳವನ್ನು ಶಕ ೭೫೯ರಲ್ಲಿ ಮುಗಿಸಿದ್ದು ವಾಟಗ್ರಾಮದಲ್ಲಿ. ಆದರೆ ಇವರೆಲ್ಲರ ನೆತ್ತಿಯ ಮೇಲಿದ್ದ ಛತ್ರವು ಮಾನ್ಯಖೇಟದ್ದೇ. ಅಮೋಘವರ್ಷನು ಜಿನಸೇನನ ಪಾದಗಳಿಗೆ ಎರಗಿ ತಾನು ಪವಿತ್ರನಾದೆನೆಂದು ಭಾವಿಸಿದನೆಂದು ಗುಣಭದ್ರನು ಹೇಳಿದ್ದಾನೆ. ಪುಷ್ಪದಂತನಾದರೋ ಆ ನಗರದಲ್ಲಿಯೇ, ಮೂರನೆಯ ಕೃಷ್ಣನ ಮಂತ್ರಿ ಭರತನ ಮನೆಯಲ್ಲಿಯೇ ಇದ್ದುಕೊಂಡು ಮಹಾಪುರಾಣವನ್ನು ರಚಿಸಿದನು.

ಇನ್ನು ಆ ಲೋಕದ ಸ್ವರೂಪ. ಕಾಲವು ಇಳಿಗಾಲವಾದ ಅವಸರ್ಪಿಣಿ, ಏರುಗಾಲವಾದ ಉತ್ಸರ್ಪಿಣಿ ಎಂದು ಚಕ್ರದಂತೆ ತಿರುಗುತ್ತದೆ. ಒಂದೊಂದಕ್ಕೂ ಹತ್ತು ಕೋಟಾಕೋಟಿ ಸಾಗರಗಳ ಪ್ರಮಾಣ. ಇಳಿಗಾಲದ ಆರು ಭಾಗಗಳಲ್ಲಿ ಮೊದಲನೆಯದು ನಾಲ್ಕು ಕೋಟಾಕೋಟಿ ಸಾಗರ, ಎರಡನೆಯದು ಮೂರು, ಮೂರನೆಯದು ಎರಡು. ಈ ಮೂರೂ ಭೋಗಭೂಮಿಯ ಕಾಲಗಳು. ನಾಲ್ಕನೆಯದು ಒಂದು ಕೋಟಾಕೋಟಿ ಸಾಗರದಲ್ಲಿ ೪೨,೦೦೦ ವರ್ಷ ಕಡಿಮೆ. ಐದನೆಯದಕ್ಕೂ ಆರನೆಯದಕ್ಕೂ ತಲಾ ೨೧,೦೦೦ ವರ್ಷ ಮಾತ್ರ. ಎಂದರೆ ಇಳಿಗಾಲದ ಹತ್ತು ಪಾಲಿನಲ್ಲಿ ಒಂಬತ್ತು ಪಾಲು ಚರಿತ್ರೆಯೇ ಇಲ್ಲದ ಕಾಲ. ಅರುವತ್ತುಮೂರು ಶಲಾಕಾಪುರುಷರ ಕಥೆಯೆಲ್ಲವೂ ಆ ಒಂಬತ್ತರ ಕೊನೆಯ ಅಂಚಿನಲ್ಲಿ ಆರಂಭವಾಗಿ ಉಳಿದೊಂದು ಪಾಲಿನೊಳಗೆ ಮುಗಿದುಹೋಗುತ್ತದೆ. ಮಹಾವೀರನ ನಿರ್ವಾಣವಾದಾಗ ನಾಲ್ಕನೆಯ ಕಾಲದಲ್ಲಿ ಮೂರು ವರ್ಷ ಎಂಟೂವರೆ ತಿಂಗಳು ಮಾತ್ರ ಉಳಿದಿತ್ತು. ಆ ನಿರ್ವಾಣಕ್ಕೂ ಶಕರಾಜನಿಗೂ ನಡುವೆ ೬೦೫ ವರ್ಷ ೫ ತಿಂಗಳೆಂಬ ಗಣನೆಯೊಂದುಂಟು. ಈ ಒಂದು ಕೊಂಡಿಯಿಂದ ಸಾಗರಗಳ ಕಾಲವು ತಾಮ್ರಶಾಸನಗಳ ಶಕವರ್ಷಕ್ಕೆ ತಗುಲಿಕೊಳ್ಳುತ್ತದೆ. ಅಮೋಘವರ್ಷನ ಆಸ್ಥಾನದ ಜೈನನೊಬ್ಬನು ತಾನಿರುವುದು ಐದನೆಯ ಕಾಲದ ಇಂತಿಷ್ಟನೆಯ ವರ್ಷವೆಂದು ಹೇಳಬಲ್ಲವನಾಗಿದ್ದನು.

ಭೋಗಭೂಮಿಯಲ್ಲಿ ಉಳುಮೆಯಿಲ್ಲ, ವ್ಯಾಪಾರವಿಲ್ಲ, ಅರಸನಿಲ್ಲ. ಹತ್ತು ಬಗೆಯ ಕಲ್ಪವೃಕ್ಷಗಳು ಪಾನ, ವಾದ್ಯ, ಆಭರಣ, ಮಾಲೆ, ದೀಪ, ಬೆಳಕು, ಮನೆ, ಭೋಜನ, ಪಾತ್ರೆ, ವಸ್ತ್ರಗಳನ್ನು ಕೊಡುತ್ತವೆ. ಉತ್ತಮಭೋಗಭೂಮಿಯವರ ಎತ್ತರ ಮೂರು ಕ್ರೋಶ, ಆಯುಷ್ಯ ಮೂರು ಪಲ್ಯ. ಮೂರು ದಿನಕ್ಕೊಮ್ಮೆ ಬೋರೆಹಣ್ಣಿನಷ್ಟು ಆಹಾರ. ಮಧ್ಯಮದಲ್ಲಿ ಎರಡೆರಡು, ಜಘನ್ಯದಲ್ಲಿ ಒಂದೊಂದು. ಗಂಡು ಹೆಣ್ಣುಗಳು ಅವಳಿಗಳಾಗಿ ಹುಟ್ಟುತ್ತಾರೆ. ಹುಟ್ಟಿದೊಡನೆಯೇ ತಂದೆಯು ಸೀನಿಯೂ ತಾಯಿಯು ಆಕಳಿಸಿಯೂ ಮಡಿಯುತ್ತಾರೆ. ದೇಹವು ಶರತ್ಕಾಲದ ಮೋಡದಂತೆ ಕರಗಿಹೋಗುತ್ತದೆ. ಮಕ್ಕಳು ತಮ್ಮ ಹೆಬ್ಬೆರಳನ್ನೇ ಚೀಪುತ್ತ ಬೆಳೆದು ಏಳು ವಾರಗಳು ತುಂಬುವುದರೊಳಗೆ ತರುಣರಾಗುತ್ತಾರೆ. ಮುಪ್ಪಿಲ್ಲ, ರೋಗವಿಲ್ಲ. ಮಗುವಿನ ಮುಖವನ್ನು ಕಂಡ ತಾಯಿಯೂ ಇಲ್ಲ, ತಂದೆಯ ಹೆಸರನ್ನು ಬಲ್ಲ ಮಗನೂ ಇಲ್ಲ. ಸುಖಸ್ಥಾನದ ವರ್ಣನೆಯನ್ನು ಓದುತ್ತ ಬಂದವರಿಗೆ ಈ ಕೊನೆಯ ಅಂಶವು ಥಟ್ಟನೆ ಎದುರಾಗುತ್ತದೆ. ಗ್ರಂಥಕಾರರು ಅದನ್ನು ಮರುಕದಿಂದ ಹೇಳುವುದಿಲ್ಲ. ಒಂದು ಲಕ್ಷಣವೆಂದು ಹೇಳಿ ಮುಂದಕ್ಕೆ ಹೋಗುತ್ತಾರೆ. ಆದರೆ ಕಥೆಯು ಮುಂದುವರಿದಾಗ ಅದೇ ಅಂಶಕ್ಕೆ ಮರಳಿ ಬರುತ್ತಾರೆಂಬುದನ್ನು ಮುಂದೆ ಕಾಣಬಹುದು.

ಕಾಲದ ಈ ಏರಿಳಿತವು ಎಲ್ಲೆಡೆಯಲ್ಲಿಯೂ ಇಲ್ಲವೆಂಬುದು ಇಲ್ಲಿಯ ಅತ್ಯಂತ ವಿಚಿತ್ರವಾದ ಸಂಗತಿ. ಲಕ್ಷ ಯೋಜನ ವ್ಯಾಸವುಳ್ಳ ಜಂಬೂದ್ವೀಪದಲ್ಲಿ ತೆಂಕಣ ತುದಿಯ ಭರತಕ್ಷೇತ್ರದಲ್ಲಿಯೂ ಬಡಗಣ ತುದಿಯ ಐರಾವತದಲ್ಲಿಯೂ ಮಾತ್ರ ಕಾಲಚಕ್ರವು ತಿರುಗುತ್ತದೆ. ಹಿಮವತ್ಪರ್ವತವನ್ನು ದಾಟಿದರೆ ಹೈಮವತ. ಅಲ್ಲಿ ಎಂದೆಂದಿಗೂ ಜಘನ್ಯಭೋಗಭೂಮಿ. ಅದರಾಚೆಯ ಹರಿವರ್ಷದಲ್ಲಿ ಎಂದೆಂದಿಗೂ ಮಧ್ಯಮ. ಮೇರುವಿನ ಎರಡು ಪಕ್ಕದ ದೇವಕುರು, ಉತ್ತರಕುರುಗಳಲ್ಲಿ ಎಂದೆಂದಿಗೂ ಉತ್ತಮ. ವಿದೇಹದಲ್ಲಿ ಎಂದೆಂದಿಗೂ ನಾಲ್ಕನೆಯ ಕಾಲದ ಸ್ಥಿತಿ. ಆದಕಾರಣ ತೀರ್ಥಂಕರರಿಲ್ಲದ ಗಳಿಗೆ ಅಲ್ಲಿಲ್ಲ. ಭರತಕ್ಷೇತ್ರದಲ್ಲಿ ಕಳೆದುಹೋದ ಕಾಲವು ಇನ್ನೊಂದು ಕ್ಷೇತ್ರದಲ್ಲಿ ಕಳೆಯದೆ ನಿಂತಿದೆ ಎಂದಾಯಿತು. ಭೂತಕಾಲವು ಒಂದು ದಿಕ್ಕು. ಬಡಗಲಿಗೆ ಪರ್ವತಗಳನ್ನು ದಾಟುತ್ತ ಹೋದಂತೆ ಹಿಂದಣ ಯುಗಗಳು ಒಂದೊಂದಾಗಿ ಎದುರಾಗುತ್ತವೆ. ಭರತಕ್ಷೇತ್ರದ ಅಗಲವು ೫೨೬ ಯೋಜನ ಮತ್ತು ೬/೧೯ ಭಾಗ, ಎಂದರೆ ಲಕ್ಷ ಯೋಜನದ ೧೯೦ರಲ್ಲಿ ಒಂದು ಪಾಲು. ಕಾಲವು ಬದಲಾಗುವ ನೆಲವು ಎಷ್ಟು ಕಿರಿದೆಂಬುದನ್ನು ಈ ಭಿನ್ನರಾಶಿಯೇ ಹೇಳುತ್ತದೆ.

ಇಷ್ಟನ್ನು ಕಟ್ಟುಕಥೆಯೆಂದು ಬದಿಗಿಡಬಹುದು. ಆದರೆ ಹಾಗೆ ಇಟ್ಟರೆ ಒಂದು ತೊಡಕು ಬರುತ್ತದೆ. ಮಹಾವೀರಾಚಾರ್ಯನ ಗಣಿತಸಾರಸಂಗ್ರಹವು ಅಮೋಘವರ್ಷ ನೃಪತುಂಗನ ಪ್ರಶಂಸೆಯೊಡನೆ ಆರಂಭವಾಗುವ ಶುದ್ಧ ಲೆಕ್ಕದ ಗ್ರಂಥ. ರಂಗಾಚಾರ್ಯರು ೧೯೧೨ರಲ್ಲಿ ಮದರಾಸಿನಲ್ಲಿ ಅದನ್ನು ಅನುವಾದಸಹಿತವಾಗಿ ಪ್ರಕಟಿಸಿದ ಮೇಲೆ ಗಣಿತಚರಿತ್ರೆಯ ವಿದ್ವಾಂಸರೆಲ್ಲರ ಗೌರವವನ್ನು ಅದು ಪಡೆದಿದೆ. ಬಡ್ಡಿ, ಬಂಗಾರದ ಬಣ್ಣ, ಹೊಲದ ಕ್ಷೇತ್ರಫಲ, ಅಗೆದ ಗುಂಡಿಯ ಘನಫಲ, ನೆರಳಿನ ಉದ್ದ: ಇವು ಅದರ ವಿಷಯಗಳು, ಸಾಮಾನ್ಯ ವ್ಯವಹಾರಕ್ಕೆ ಬೇಕಾದವುಗಳು. ಅಂಥ ಗ್ರಂಥದ ಪರಿಭಾಷಾಪ್ರಕರಣದಲ್ಲಿ ಅಂಗುಲವೆಂದರೇನೆಂದು ಹೇಳುವಾಗ, ಪರಮಾಣುವಿನಿಂದ ಹೊರಟು ಎಂಟೆಂಟರಿಂದ ಗುಣಿಸುತ್ತ ಬರುವ ಸೋಪಾನದಲ್ಲಿ ಕೂದಲಿನ ಅಳತೆ ಬರುತ್ತದೆ; ಆ ಕೂದಲು ಭೋಗಭೂಮಿಯವರದು, ಕರ್ಮಭೂಮಿಯವರದು ಎಂದು ವಿಂಗಡವಾಗಿದೆ. ತಿಲೋಯಪಣ್ಣತ್ತಿಯ ಕ್ರಮವನ್ನು ಹಿಡಿದರೆ ಲೆಕ್ಕವು ಹೀಗೆ: ಉತ್ತಮಭೋಗಭೂಮಿಯ ಎಂಟು ಕೂದಲೆಳೆಯ ತುದಿಗಳು ಸೇರಿ ಮಧ್ಯಮಭೋಗಭೂಮಿಯ ಒಂದು, ಅಂಥ ಎಂಟು ಸೇರಿ ಜಘನ್ಯದ ಒಂದು, ಅಂಥ ಎಂಟು ಸೇರಿ ಕರ್ಮಭೂಮಿಯ ಒಂದು, ಅಲ್ಲಿಂದ ಲಿಕ್ಷೆ, ಹೇನು, ಜವೆಯ ಕಾಳು, ಅಂಗುಲ. ಏಳು ಮೆಟ್ಟಿಲುಗಳಾದುದರಿಂದ ಒಂದು ಅಂಗುಲಕ್ಕೆ ಉತ್ತಮಭೋಗಭೂಮಿಯ ೨೦,೯೭,೧೫೨ ಕೂದಲೆಳೆಗಳು. ಕಾಗಿಣಾ ತೀರದ ಶಿಲ್ಪಿಯೊಬ್ಬನು ಕಲ್ಲಿನ ಮೇಲೆ ನೂಲು ಹಿಡಿದಾಗ ಆ ಅಂಗುಲದ ಶಾಸ್ತ್ರೀಯ ನಿರ್ವಚನವು ಯಾರೂ ಕಾಣದ ನಾಡಿನ ಕೂದಲೊಂದರ ಮೇಲೆ ನಿಂತಿತ್ತು. ಅವನಿಗೆ ಅದು ತಿಳಿದಿರಬೇಕಾದ ಅವಶ್ಯವಿರಲಿಲ್ಲ. ಲೆಕ್ಕವನ್ನು ಕಲಿಸುವವರಿಗೆ ತಿಳಿದಿತ್ತು.

ಕಾಲದ ಅಳತೆಯೂ ಹೀಗೆಯೇ. ಕೆಳಗಣ ಅಳತೆಗಳು ಮನುಷ್ಯನ ಉಸಿರಿನಿಂದ ಹುಟ್ಟುತ್ತವೆ: ಏಳು ಉಚ್ಛ್ವಾಸಗಳಿಗೆ ಒಂದು ಸ್ತೋಕ, ಏಳು ಸ್ತೋಕಗಳಿಗೆ ಒಂದು ಲವ, ಮೂವತ್ತೆಂಟೂವರೆ ಲವಗಳಿಗೆ ಒಂದು ಘಳಿಗೆ, ಎರಡು ಘಳಿಗೆಗಳಿಗೆ ಒಂದು ಮುಹೂರ್ತ, ಒಟ್ಟು ಮುಹೂರ್ತಕ್ಕೆ ೩,೭೭೩ ಉಸಿರು. ಮೇಲಣ ಅಳತೆಗೆ ಉಸಿರು ಸಾಲದು. ಒಂದು ಯೋಜನ ಅಗಲ, ಒಂದು ಯೋಜನ ಆಳದ ದುಂಡು ಗುಂಡಿಯನ್ನು ತೋಡಿ, ಹುಟ್ಟಿ ಏಳು ದಿನ ಮೀರದ ಭೋಗಭೂಮಿಯ ಕುರಿಮರಿಯ ಕೂದಲನ್ನು ಇನ್ನು ಕತ್ತರಿಸಲಾಗದಷ್ಟು ಸಣ್ಣಗೆ ಮಾಡಿ ಗಿಡಿದು ತುಂಬಿ, ನೂರು ವರ್ಷಕ್ಕೊಂದರಂತೆ ತೆಗೆದರೆ ಗುಂಡಿಯು ಬರಿದಾಗಲು ಹಿಡಿಯುವ ಕಾಲವು ವ್ಯವಹಾರಪಲ್ಯ. ಆ ಕೂದಲುಗಳ ಸಂಖ್ಯೆಯು ೪೫ ಸ್ಥಾನಗಳದು; ಮೊದಲ ೨೭ರಲ್ಲಿ ಅಂಕೆಗಳೂ ಕೊನೆಯ ೧೮ರಲ್ಲಿ ಸೊನ್ನೆಗಳೂ ಇವೆ. ಮೇಲೆ ಹೇಳಿದ ಅಂಗುಲದಿಂದಲೇ ಯೋಜನಕ್ಕೆ ಏರಿ ಗುಣಿಸಿ ನೋಡುವವರಿಗೆ ಇದು ತಾಳೆಯಾಗುತ್ತದೆ. ಬಾಯಿಗೆ ಬಂದ ಸಂಖ್ಯೆಯಲ್ಲ. ಇದರ ಮೇಲೆ ಉದ್ಧಾರಪಲ್ಯ, ಅದರ ಮೇಲೆ ಅದ್ಧಾಪಲ್ಯ, ಹತ್ತು ಕೋಟಾಕೋಟಿ ಪಲ್ಯಗಳಿಗೆ ಒಂದು ಸಾಗರ. ಕಾಲವೇ ಬದಲಾಗದ ನಾಡಿನ ಕುರಿಮರಿಯಿಂದ ಬದಲಾಗುವ ಕಾಲಕ್ಕೆ ಅಳತೆಗೋಲು ದೊರೆಯಿತೆಂಬುದು ಗಮನಾರ್ಹ. ಅಳೆಯುವ ಕೋಲು ತಾನೇ ಹಿಗ್ಗಿ ಕುಗ್ಗಬಾರದೆಂಬ ನ್ಯಾಯವು ಇದರ ಹಿಂದಿದೆಯೆಂದು ಊಹಿಸಿದರೆ ತಪ್ಪಾಗಲಾರದು. ಭರತಕ್ಷೇತ್ರದಲ್ಲಿ ಮನುಷ್ಯನ ಎತ್ತರವೂ ಕೂದಲಿನ ದಪ್ಪವೂ ಯುಗದಿಂದ ಯುಗಕ್ಕೆ ಬದಲಾಗುವುವಾದ್ದರಿಂದ, ಎಂದೂ ಬದಲಾಗದ ನಾಡೊಂದರಿಂದ ಕೂದಲನ್ನು ತರಬೇಕಾಯಿತು.

ಈ ಲೋಕದ ಆಕಾರವನ್ನು ಕುರಿತು ಪಂಡಿತರಲ್ಲಿ ವಾದವೂ ನಡೆದಿತ್ತು. ಲೋಕದ ಎತ್ತರ ೧೪ ರಜ್ಜು. ಬುಡದಲ್ಲಿ ಅಗಲ ೭, ನಡುವಿನಲ್ಲಿ ೧, ಅದರ ಮೇಲೆ ಅರ್ಧದಲ್ಲಿ ೫, ತುದಿಯಲ್ಲಿ ಮತ್ತೆ ೧. ಹಿಂದಣ ಆಚಾರ್ಯರು ಕೆಲವರು ಇದನ್ನು ದುಂಡಾಗಿ, ಮೃದಂಗದಂತೆ ಭಾವಿಸಿದ್ದರು. ಹೀರಾಲಾಲ ಜೈನರ ಗಣನೆಯಂತೆ ೮೧೬ರಲ್ಲಿ ಮುಗಿದ ಧವಳಾಟೀಕೆಯಲ್ಲಿ ವೀರಸೇನನು ಆ ದುಂಡಾಕಾರವನ್ನು ತುಂಡುತುಂಡಾಗಿ ಸೀಳಿ ಘನಫಲವನ್ನು ಗುಣಿಸಿ, ಅದು ೧೬೪ ಘನರಜ್ಜುಗಳನ್ನು ಸ್ವಲ್ಪ ಮಾತ್ರ ಮೀರುವುದೆಂದು ತೋರಿಸಿದನು. ಪರಂಪರೆಯ ವಚನದಂತೆ ಲೋಕವು ಏಳು ರಜ್ಜುಗಳ ಘನ, ಎಂದರೆ ೩೪೩ ಆಗಬೇಕು. ತೆಂಕಣಿಂದ ಬಡಗಣಕ್ಕೆ ಎಲ್ಲೆಡೆಯೂ ಸಮನಾಗಿ ಏಳು ರಜ್ಜು ದಪ್ಪವಿರುವ ಆಕಾರವನ್ನು ಒಪ್ಪಿದರೆ ಕೆಳಗಿನ ಅರ್ಧಕ್ಕೆ ೧೯೬, ಮೇಲಿನ ಅರ್ಧಕ್ಕೆ ೧೪೭, ಒಟ್ಟು ಸರಿಯಾಗಿ ೩೪೩. ಆದ್ದರಿಂದ ಆಕಾರವು ಹಾಗೆಯೇ ಇರಬೇಕೆಂದು ಅವನ ಸಿದ್ಧಾಂತ. ಕಾಣದ ಲೋಕದ ವಿಷಯದಲ್ಲಿ ಹಿರಿಯರ ಅಭಿಪ್ರಾಯವನ್ನು ಗಣಿತದ ಬಲದಿಂದ ತಳ್ಳಿಹಾಕಿದ ಈ ಧೈರ್ಯವು ಸಾಧಾರಣವಾದುದಲ್ಲ. ಆ ತರ್ಕದ ದಾರಿಯಲ್ಲಿ ಅವನು ವೃತ್ತದ ಪರಿಧಿಗೆ ಬಳಸಿದ ೩೫೫/೧೧೩ ಎಂಬ ಸೂಕ್ಷ್ಮಮಾನವೂ, ಶಂಕುವಿನ ಖಂಡವನ್ನು ಅನಂತವಾಗಿ ಸೀಳುತ್ತ ಘನಫಲ ಕಾಣುವ ಕ್ರಮವೂ ೧೯೪೨ರಲ್ಲಿ ಅವಧೇಶ ನಾರಾಯಣ ಸಿಂಗರ ಲೇಖನದಿಂದ ಗಣಿತಜ್ಞರ ಲಕ್ಷ್ಯಕ್ಕೆ ಬಂದುವು. ಕಲ್ಪಿತಲೋಕವನ್ನು ಅಳೆಯಹೊರಟವರ ಕೈಗೆ ಈ ಲೋಕದ ಗಣಿತವು ದೊರಕಿತು. ಆ ಟೀಕೆಯ ತಾಳೆಗರಿಗಳನ್ನು ಶತಮಾನಗಳ ಕಾಲ ಕಾದಿಟ್ಟದ್ದು ಕನ್ನಡನಾಡಿನ ಮೂಡಬಿದಿರೆಯೆಂಬುದನ್ನು ಇಲ್ಲಿಯೇ ಸ್ಮರಿಸಬಹುದು.

ಅಳತೆಯ ವಿಷಯ ಇಷ್ಟಿರಲಿ. ಭೋಗಭೂಮಿಯ ನಿಜವಾದ ಸ್ವಾರಸ್ಯವು ಅದು ಮುಗಿಯುವ ರೀತಿಯಲ್ಲಿದೆ. ಜಿನಸೇನನ ಪೂರ್ವಪುರಾಣದ ಮೂರನೆಯ ಪರ್ವವು ಇದಕ್ಕೆ ಮೀಸಲಾಗಿದೆ. ಕನ್ನಡದಲ್ಲಿ ಪಂಪನೂ ಈ ಸಂದರ್ಭವನ್ನು ಬಿಟ್ಟಿಲ್ಲ. ಭರತಕ್ಷೇತ್ರದಲ್ಲಿ ಮೂರನೆಯ ಕಾಲವು ಕೊನೆಗಾಣುತ್ತ ಬಂದು, ಪಲ್ಯದ ಎಂಟನೆಯ ಒಂದು ಪಾಲು ಉಳಿದಿದ್ದಾಗ, ಆಷಾಢದ ಹುಣ್ಣಿಮೆಯ ಸಂಜೆ, ಜನರು ಆಕಾಶದ ಎರಡು ಕಡೆಗಳಲ್ಲಿ ಎರಡು ಬೆಳಕಿನ ಬಿಂಬಗಳನ್ನು ಕಂಡು ನಡುಗಿದರು. ಪಶ್ಚಿಮದಲ್ಲಿ ಮುಳುಗುತ್ತಿದ್ದುದು ಸೂರ್ಯ, ಪೂರ್ವದಲ್ಲಿ ಏಳುತ್ತಿದ್ದುದು ಚಂದ್ರ. ಅವರು ಪ್ರತಿಶ್ರುತಿಯೆಂಬ ಮೊದಲನೆಯ ಕುಲಧರನ ಬಳಿಗೆ ಓಡಿದರು. ಇವು ಹೊಸತಾಗಿ ಬಂದವುಗಳಲ್ಲ, ಎಂದಿನಿಂದಲೂ ಇವೆ, ಜ್ಯೋತಿರಂಗವೃಕ್ಷಗಳ ಕಾಂತಿಯಿಂದ ಮರೆಯಾಗಿದ್ದವು, ಆ ಕಾಂತಿಯು ಕುಂದಿದುದರಿಂದ ಈಗ ಕಾಣುತ್ತಿವೆ, ಹೆದರಬೇಡಿರಿ ಎಂಬುದು ಅವನ ಸಮಾಧಾನದ ಸಾರ. ಅಲ್ಲಿಯವರೆಗೆ ಆ ನಾಡಿನಲ್ಲಿ ಕಾಲವು ಇರಲಿಲ್ಲವೆಂದಲ್ಲ. ಕಾಲವನ್ನು ತೋರಿಸುವ ವಸ್ತುವು ಹೆಚ್ಚಿನ ಬೆಳಕಿನಲ್ಲಿ ಅಡಗಿತ್ತು. ಎರಡನೆಯವನಾದ ಸನ್ಮತಿಯ ಕಾಲಕ್ಕೆ ಆ ಮರಗಳ ಬೆಳಕು ಪೂರ್ತಿಯಾಗಿ ಆರಿ ನಕ್ಷತ್ರಗಳು ಕಂಡವು. ಹಗಲು ಇರುಳುಗಳ ವಿಭಾಗವನ್ನೂ ಗ್ರಹಗಳ ಚಾರವನ್ನೂ ಅವನು ತಿಳಿಸಿದನು. ಜ್ಯೋತಿಶ್ಶಾಸ್ತ್ರದ ಹುಟ್ಟು ಅಲ್ಲಿಂದ.

ಮುಂದಣ ಕುಲಧರರ ಪರಂಪರೆಯು ನಷ್ಟಗಳ ಪಟ್ಟಿಯೇ ಸರಿ; ಒಂದೊಂದು ನಷ್ಟಕ್ಕೂ ಒಂದೊಂದು ವಿದ್ಯೆ. ಮೃಗಗಳು ಕ್ರೂರವಾದುವು, ಅವುಗಳಿಂದ ದೂರವಿರುವುದನ್ನು ಕಲಿಸಬೇಕಾಯಿತು. ಕಲ್ಪವೃಕ್ಷಗಳು ವಿರಳವಾದುವು, ಇದು ನಿನ್ನದು ಇದು ನನ್ನದು ಎಂಬ ಕಲಹ ಹುಟ್ಟಿತು. ಸೀಮಂಕರನು ಮಾತಿನಿಂದ ಮೇರೆಯನ್ನು ಹಾಕಿದನು. ಅದು ಸಾಲದೆ ಸೀಮಂಧರನು ಗುರುತುಗಳನ್ನು ನೆಡಿಸಿದನು. ದಂಡನೆಯೂ ಹೀಗೆಯೇ ಬೆಳೆಯಿತು: ಮೊದಲ ಐವರ ಕಾಲಕ್ಕೆ ‘ಹಾ’ ಎಂದರೆ ಸಾಕಾಗಿತ್ತು, ಮುಂದಿನ ಐವರಿಗೆ ‘ಹಾ, ಮಾ’ ಬೇಕಾಯಿತು, ಉಳಿದವರು ‘ಧಿಕ್’ ಎಂಬುದನ್ನೂ ಸೇರಿಸಿದರು. ಎಂಟನೆಯವನಾದ ಚಕ್ಷುಷ್ಮಂತನ ಕಾಲದಲ್ಲಿ ತಂದೆತಾಯಿಗಳು ಮಕ್ಕಳು ಹುಟ್ಟಿದ ಮೇಲೆಯೂ ಒಂದು ಕ್ಷಣ ಬದುಕಿ ಉಳಿದು, ತಮ್ಮ ಮಕ್ಕಳ ಮುಖವನ್ನು ಮೊದಲ ಬಾರಿಗೆ ಕಂಡು ಭಯಪಟ್ಟರು. ಇವು ನಿಮ್ಮ ಮಕ್ಕಳೆಂದು ಅವನು ತಿಳಿಸಬೇಕಾಯಿತು. ಒಂಬತ್ತನೆಯವನ ಕಾಲಕ್ಕೆ ಮಕ್ಕಳಿಗೆ ಹೆಸರಿಡುವಷ್ಟು ಅವಕಾಶ ದೊರೆಯಿತು. ಹತ್ತನೆಯವನಾದ ಅಭಿಚಂದ್ರನ ಕಾಲಕ್ಕೆ ಮಕ್ಕಳನ್ನು ಎತ್ತಿ ಚಂದ್ರನನ್ನು ತೋರಿಸಿ ಆಡಿಸುವಷ್ಟು. ಮೊದಲನೆಯ ಕುಲಧರನ ದಿನ ಭಯವನ್ನು ಹುಟ್ಟಿಸಿದ ಅದೇ ಚಂದ್ರನು ಈಗ ಕೂಸಿನ ಆಟದ ವಸ್ತುವಾದನು. ಮರುದೇವನು ದೋಣಿಯನ್ನೂ ಬೆಟ್ಟಕ್ಕೆ ಮೆಟ್ಟಿಲನ್ನೂ ಕಲಿಸಿದನು. ಕೊನೆಯ ನಾಭಿರಾಜನು ಹೊಕ್ಕಳುಬಳ್ಳಿಯನ್ನು ಕತ್ತರಿಸುವುದನ್ನು ಕಲಿಸಿ, ಆನೆಯ ಕುಂಭಸ್ಥಳದ ಮೇಲೆ ಮಣ್ಣನ್ನು ತಟ್ಟಿ ಮಡಕೆಯನ್ನು ಮಾಡಿ ತೋರಿಸಿದನು. ಅವನ ಮಗ ಋಷಭನಿಂದ ಅಸಿ, ಮಸಿ, ಕೃಷಿ, ವಿದ್ಯೆ, ವಾಣಿಜ್ಯ, ಶಿಲ್ಪಗಳು, ಅಲ್ಲಿಗೆ ಕರ್ಮಭೂಮಿ.

ಈ ಕ್ರಮವನ್ನು ಬರಿಯ ಇಳಿಗಾಲದ ಗೋಳೆಂದು ಓದಿದರೆ ಗ್ರಂಥಕಾರನ ಅಭಿಪ್ರಾಯವು ತಪ್ಪಿಹೋಗುತ್ತದ��. ಆಯುಷ್ಯವು ಪಲ್ಯದಿಂದ ಕುಗ್ಗುತ್ತ ಬಂದಷ್ಟೂ ತಾಯಿಗೆ ಮಗುವಿನೊಡನೆ ದೊರೆಯುವ ಕಾಲವು ಹೆಚ್ಚುತ್ತ ಬಂದಿದೆ. ಇದನ್ನು ಜಿನಸೇನನು ಬಾಯಿಬಿಟ್ಟು ಹೇಳಿಲ್ಲ. ಕುಲಧರರ ಅನುಕ್ರಮದಲ್ಲಿ ಜೋಡಿಸಿ ಬಿಟ್ಟಿದ್ದಾನೆ. ಅದಕ್ಕಿಂತಲೂ ಮುಖ್ಯವಾದುದು ಸಿದ್ಧಾಂತದ ಮಾತು: ಭೋಗಭೂಮಿಯಲ್ಲಿ ಸಮ್ಯಗ್ದರ್ಶನವು ಸಾಧ್ಯ, ಆದರೆ ವ್ರತವು ಸಾಧ್ಯವಲ್ಲ, ವ್ರತವಿಲ್ಲದುದರಿಂದ ಮೋಕ್ಷವೂ ಇಲ್ಲ. ಬಿಡುವುದಕ್ಕೆ ಏನಾದರೂ ಕೊರತೆಯ ಅನುಭವ ಬೇಕು. ಕೇಳಿದುದೆಲ್ಲವನ್ನೂ ಮರವು ಕೊಡುವ ಕಡೆ ತ್ಯಾಗಕ್ಕೆ ಅರ್ಥವಿಲ್ಲ. ಆದ್ದರಿಂದ ಕೊರತೆಯುಳ್ಳ ಈ ಸಣ್ಣ ಭರತಕ್ಷೇತ್ರವು ಆ ನಿತ್ಯಸುಖದ ನಾಡುಗಳಿಗಿಂತ ಮೇಲು.

ಪಂಪನ ಕಾವ್ಯದಲ್ಲಿ ಇದೇ ತತ್ತ್ವವು ಪ್ರೇಮಕಥೆಯಾಗಿ ಬಂದಿದೆ. ಲಲಿತಾಂಗದೇವನ ಆಯುಷ್ಯವು ಸಾಗರದ ಲೆಕ್ಕದ್ದು, ಅವನ ದೇವಿಯರದು ಪಲ್ಯದ ಲೆಕ್ಕದ್ದು. ಒಂದೇ ಸ್ವರ್ಗದಲ್ಲಿ ಎರಡು ಗಡಿಯಾರಗಳು ನಡೆಯುತ್ತವೆ ಎನ್ನಬಹುದು. ಹುಟ್ಟಿ ಅಳಿದುಹೋಗುವ ದೇವಿಯರ ಸಾಲಿನ ಕೊನೆಗೆ, ಅವನ ಆಯುಷ್ಯವು ಕೆಲವೇ ಪಲ್ಯ ಉಳಿದಿರುವಾಗ ಸ್ವಯಂಪ್ರಭೆಯು ಬರುತ್ತಾಳೆ. ಆರು ತಿಂಗಳು ಉಳಿಯಿತೆಂದಾಗ ಅವನ ಕೊರಳ ಮಾಲೆಯು ಬಾಡುತ್ತದೆ. ಇವರೇ ಮುಂದೆ ವಜ್ರಜಂಘ ಶ್ರೀಮತಿಯರಾಗಿ ಹುಟ್ಟಿ, ಚಾರಣಮುನಿಗಳಿಗೆ ಆಹಾರದಾನವನ್ನಿತ್ತು, ಗವಾಕ್ಷಗಳನ್ನು ಮುಚ್ಚಿದ ಸಜ್ಜೆಮನೆಯಲ್ಲಿ ಧೂಪದ ಹೊಗೆಯಿಂದ ಉಸಿರುಕಟ್ಟಿ ಒಟ್ಟಿಗೆ ಮಡಿದು, ದಾನದ ಫಲವಾಗಿ ಉತ್ತರಕುರುವಿನಲ್ಲಿ ಅವಳಿಗಳಾಗುತ್ತಾರೆ. ಪ್ರೇಮಿಗಳಿಗೆ ಅಗಲಿಕೆಯಿಲ್ಲದ ಮೂರು ಪಲ್ಯಗಳ ಆಯುಷ್ಯ ದೊರೆಯಿತಲ್ಲವೆ, ಕಥೆಯು ಅಲ್ಲಿಗೆ ಮುಗಿಯಬಹುದಿತ್ತು. ಮುಗಿಯುವುದಿಲ್ಲ. ಹಿಂದಿನ ಜನ್ಮದ ಮಂತ್ರಿ ಸ್ವಯಂಬುದ್ಧನ ಜೀವವು ಚಾರಣಮುನಿಯಾಗಿ ಹೊರಗಿನಿಂದ ಅಲ್ಲಿಗೆ ಬಂದು ಅವರಿಗೆ ಸಮ್ಯಕ್ತ್ವವನ್ನು ಬೋಧಿಸಬೇಕಾಗುತ್ತದೆ. ಆ ನೆಲದಲ್ಲಿ ತಾನಾಗಿ ಹುಟ್ಟುವ ಕಥೆಯೆಂಬುದೇ ಇಲ್ಲ.

ದಾನದಿಂದ ಭೋಗಭೂಮಿಯೆಂಬ ಈ ನಂಬಿಕೆಗೆ ಸೇಡಂ ಸೀಮೆಯಲ್ಲಿ ಶಾಸನಕಾಲದ ಆಚರಣೆಯ ಹಿನ್ನೆಲೆಯೂ ಇದೆ. ಸೇಡಿಂಬದ ಮುನ್ನೂರು ಮಹಾಜನರು ಶಾಂತಿನಾಥ ಬಸದಿಯನ್ನು ಕಟ್ಟಿಸಿ ದತ್ತಿಯನ್ನಿತ್ತುದನ್ನು ಆರನೆಯ ವಿಕ್ರಮಾದಿತ್ಯನ ಆಳಿಕೆಯ ಕೊನೆಗಾಲದ, ಕ್ರಿ. ಶ. ೧೧೨೪ರ ಶಾಸನವು ತಿಳಿಸುತ್ತದೆ. ಮೂರನೆಯ ಕೃಷ್ಣನ ಕಾಲದ ಪೊನ್ನನು ಕನ್ನಡದಲ್ಲಿ ಹಾಡಿದ್ದು ಇದೇ ಶಾಂತಿನಾಥನ ಪುರಾಣವನ್ನು. ಆ ತೀರ್ಥಂಕರನ ಭವಾವಳಿಯ ಮೊದಲಿನಲ್ಲಿ ಶ್ರೀಷೇಣರಾಜನು ಮುನಿಗಳಿಗೆ ಆಹಾರವನ್ನಿತ್ತು ಉತ್ತರಕುರುವಿನಲ್ಲಿ ಹುಟ್ಟಿದ ಕಥೆ ಬರುತ್ತದೆ.

ಇತ್ತ ದೇವನಗರವನ್ನು ಹೀಯಾಳಿಸಿದ ನಗರಕ್ಕೆ ಪಲ್ಯದ ಆಯುಷ್ಯ ದೊರೆಯಲಿಲ್ಲ. ಪರಮಾರ ಸೀಯಕನು ೯೭೨ರಲ್ಲಿ ಮಾನ್ಯಖೇಟವನ್ನು ಸೂರೆಗೊಂಡನು. ಧನಪಾಲನು ತನ್ನ ಪ್ರಾಕೃತ ನಿಘಂಟನ್ನು ರಚಿಸಿದ ಕಾಲವನ್ನು ಹೇಳುವಾಗ, ಮಾಳವದವರು ಮಾನ್ಯಖೇಟವನ್ನು ಲೂಟಿಮಾಡಿದ ವಿಕ್ರಮ ಸಂವತ್ ೧೦೨೯ ಎಂದು ಅದನ್ನೇ ಗುರುತಾಗಿ ಬಳಸಿಕೊಂಡಿದ್ದಾನೆ. ಒಬ್ಬರ ಪ್ರಳಯವು ಇನ್ನೊಬ್ಬರ ಪಂಚಾಂಗ. ಪುಷ್ಪದಂತನು ಆಗಲೂ ಬದುಕಿದ್ದನು. ಸುಟ್ಟುಹೋದ ನಗರವನ್ನು ನೆನೆದು ಇನ್ನು ತನಗೆ ನೆಲೆಯೆಲ್ಲಿ ಎಂದು ಹಲುಬುವ ಪದ್ಯವೊಂದು ಅವನ ಮಹಾಪುರಾಣದ ಹಸ್ತಪ್ರತಿಗಳಲ್ಲಿ ಸೇರಿಕೊಂಡಿದೆ. ಸಾಗರಗಳ ಕಾಲವನ್ನು ನೂರಕ್ಕೂ ಹೆಚ್ಚು ಸಂಧಿಗಳಲ್ಲಿ ವರ್ಣಿಸಿದ ಕವಿಗೆ ಹತ್ತು ಹದಿಮೂರು ವರ್ಷಗಳ ಆಶ್ರಯವು ಹೋದುದೇ ದೊಡ್ಡದಾಯಿತು. ರಾಷ್ಟ್ರಕೂಟವಂಶದ ಕೊನೆಯ ಕುಡಿಯಾದ ನಾಲ್ಕನೆಯ ಇಂದ್ರನು ೯೮೨ರಲ್ಲಿ ಶ್ರವಣಬೆಳಗೊಳದಲ್ಲಿ ಸಲ್ಲೇಖನವ್ರತದಿಂದ ದೇಹವನ್ನು ಬಿಟ್ಟನು. ಭೋಗಭೂಮಿಯಲ್ಲಿ ಅಸಾಧ್ಯವೆಂದು ಶಾಸ್ತ್ರವು ಹೇಳಿದ್ದು ಅಂಥ ವ್ರತವನ್ನೇ.

ಮಳಖೇಡದ ನೇಮಿನಾಥ ಬಸದಿಯಲ್ಲಿ ತೀರ್ಥಂಕರರ ಬಿಂಬಗಳೊಡನೆ ನಂದೀಶ್ವರದ್ವೀಪದ ಪ್ರತಿಕೃತಿಯೊಂದು ಇದೆ. ನಂದೀಶ್ವರವು ಜಂಬೂದ್ವೀಪದಿಂದ ಹೊರಕ್ಕೆ ಎಣಿಸಿದರೆ ಎಂಟನೆಯ ದ್ವೀಪ. ಮೂರನೆಯದಾದ ಪುಷ್ಕರದ್ವೀಪದ ನಡುವೆ ಬಳೆಯಂತೆ ಸುತ್ತಿರುವ ಮಾನುಷೋತ್ತರಪರ್ವತವನ್ನು ಯಾವ ಮನುಷ್ಯನೂ ದಾಟಲಾರನು. ಅದರಾಚೆಯ ದ್ವೀಪಗಳಿಗೆ ದೇವತೆಗಳಿಗೆ ಮಾತ್ರ ಪ್ರವೇಶ. ನಂದೀಶ್ವರದ ನಾಲ್ಕು ಅಂಜನಗಿರಿಗಳು, ಹದಿನಾರು ದಧಿಮುಖಗಳು, ಮೂವತ್ತೆರಡು ರತಿಕರಗಳು, ಅವುಗಳ ಮೇಲೆ ಒಂದೊಂದರಂತೆ ೫೨ ಜಿನಾಲಯಗಳು. ಆಷಾಢ, ಕಾರ್ತಿಕ, ಫಾಲ್ಗುಣ ಮಾಸಗಳ ಶುಕ್ಲಪಕ್ಷದ ಕೊನೆಯ ಎಂಟೆಂಟು ದಿನ ದೇವತೆಗಳು ಅಲ್ಲಿ ಪೂಜೆಯನ್ನು ನಡೆಸುವರೆಂದು ಶಾಸ್ತ್ರ. ಅಲ್ಲಿಗೆ ಹೋಗಲಾರದ ಶ್ರಾವಕರು ಅದೇ ಎಂಟು ದಿನಗಳಲ್ಲಿ ಅಷ್ಟಾಹ್ನಿಕವನ್ನು ಆಚರಿಸುತ್ತ, ಗುಡಿಯೊಳಗಿನ ಈ ಚಿಕ್ಕ ದ್ವೀಪಕ್ಕೆ ಅಭಿಷೇಕವನ್ನು ಮಾಡುತ್ತಾರೆ.